ಕುರಿಮರಿ ತೊಡೆ ರೋಸ್ಟ್: ಮೂಳೆ ಇರಲಾ, ತೆಗೆಸಲಾ?

ಓವನ್‌ನಲ್ಲಿ ಇಡೀ ತೊಡೆ ಮಾಡೋಕೆ ಮೂಳೆ ಇರೋದು ಒಳ್ಳೇದಾ, ತೆಗೆಸಿದ್ದಾ ಅಂತ ಕೇಳಿದ್ದೀರಿ. ಹೇಗೆ ಬಡಿಸುತ್ತೀರಿ ಅನ್ನೋದು ಮುಖ್ಯ.

ಖರ್ಚು ನೋಡಿದರೆ ಮೂಳೆ ಸಮೇತ ಇರೋದು ಸಾಮಾನ್ಯವಾಗಿ ಕಿಲೋಗೆ ಕಡಿಮೆ. ತೂಕದಲ್ಲಿ ಮೂಳೆಯೂ ಸೇರಿರುತ್ತದೆ ನಿಜ, ಆದರೆ ಮರುದಿನ ಸೂಪ್ ಮಾಡುವವರಿಗೆ ನಷ್ಟವಿಲ್ಲ.

ಬೇಯೋ ವಿಷಯದಲ್ಲೇ ದೊಡ್ಡ ವ್ಯತ್ಯಾಸ. ಮೂಳೆ ಇದ್ದರೆ ಕಾಲಿನ ಸಣ್ಣ ತುದಿ ಬೇಗ ಬೆಂದು ಗಟ್ಟಿಯಾಗುತ್ತದೆ, ದಪ್ಪ ಭಾಗದ ನಡುವೆ ಇನ್ನೂ ಕೆಂಪಗೆ ರಸ ಇರುತ್ತದೆ. ಮನೇಲಿ ಒಬ್ಬೊಬ್ಬರಿಗೆ ಒಂದೊಂದು ಥರ ಬೇಕಿದ್ದರೆ ಇದೇ ಅನುಕೂಲ, ಅಲ್ವಾ? ಮೂಳೆ ತೆಗೆಸಿ ಸುತ್ತಿ ದಾರ ಕಟ್ಟಿದ್ದು ಹೆಚ್ಚುಕಡಿಮೆ ಒಂದೇ ಸಮ ಬೇಯುತ್ತದೆ, ಸುತ್ತೋ ಮೊದಲು ಒಳಗೆಲ್ಲ ಬೆಳ್ಳುಳ್ಳಿ, ರೋಸ್‌ಮೇರಿ ಸವರಬಹುದು, ಆ ರುಚಿ ನನಗೆ ತುಂಬಾ ಇಷ್ಟ. ಕತ್ತರಿಸೋದೂ ಸುಲಭ.

ಎರಡಕ್ಕೂ ಥರ್ಮಾಮೀಟರ್ ಬೇಕೇ ಬೇಕು. ದಪ್ಪ ಭಾಗಕ್ಕೆ ಚುಚ್ಚಿ, ಮೂಳೆಗೆ ತಾಗಿಸಬೇಡಿ. 63 ಡಿಗ್ರಿ ಬಂದಮೇಲೆ ತೆಗೆದು 15 ನಿಮಿಷ ಸುಮ್ನೆ ಬಿಡಿ.

150 ಡಿಗ್ರಿಯಲ್ಲಿ ಮುಚ್ಚಿಟ್ಟು ನಾಲ್ಕೈದು ಗಂಟೆ, ಚಮಚ ತಾಗಿದರೆ ಬಿಡಿಸಿಕೊಳ್ಳೋ ಹಾಗೆ ಬೇಯಿಸೋದಾದರೆ ಮೂಳೆ ಇರಲಿ. ಜಾಸ್ತಿ ಹೊತ್ತಿಲ್ಲ, ನೀಟಾಗಿ ಹೋಳು ಮಾಡಿ ಬಡಿಸಬೇಕು ಅಂದರೆ ತೆಗೆಸಿಬಿಡಿ.