ಸಿನೆಪಬ್: ಕಾಸಿಲ್ಲದೆ, ಕಳ್ಳದಾರಿಯಿಲ್ಲದೆ ರೊಮೇನಿಯನ್ ಸಿನಿಮಾ

ಬೆಂಗಳೂರು ಅಂತರರಾಷ್ಟ್ರೀಯ ಚಲನಚಿತ್ರೋತ್ಸವದಲ್ಲಿ ಆಗ್ನೇಯ ಯುರೋಪಿನ ಬಾಲ್ಕನ್ ಪ್ರದೇಶದ ಚಿತ್ರವೊಂದನ್ನು ಮೆಚ್ಚಿಕೊಂಡು, ಅಂಥವೇ ಇನ್ನಷ್ಟನ್ನು ಮನೆಯಲ್ಲಿ ನೋಡಬಯಸುವವರು ಮೊದಲು ತಡಕುವುದು ಸಾಮಾನ್ಯವಾಗಿ ಅಂತರಜಾಲದಲ್ಲಿ ಚಿತ್ರ ತೋರಿಸುವ ಚಂದಾ ಸೇವೆಯಾದ ಮೂಬಿಯನ್ನು. 2019ರಲ್ಲಿ ಭಾರತಕ್ಕೆ ಬಂದ ಆ ಸೇವೆಯಲ್ಲಿ ದೊಡ್ಡ ಉತ್ಸವಗಳಲ್ಲಿ ಹೆಸರಾದ ಚಿತ್ರಗಳು ಬಂದುಹೋಗುತ್ತಿರುತ್ತವೆ. ಪ್ರಶಸ್ತಿಯ ಬೆಳಕು ಬೀಳದ ಚಿತ್ರಗಳನ್ನು ಹುಡುಕುವವರಿಗೆ ನಾನು ಸೂಚಿಸುವುದು ರೊಮೇನಿಯನ್ ಚಿತ್ರಗಳ ತಾಣವಾದ ಸಿನೆಪಬ್ ಅನ್ನು. (ರೊಮೇನಿಯಾ ಬಾಲ್ಕನ್ ನಾಡೇ ಎಂಬ ಬಗ್ಗೆ ಅಲ್ಲಿಯವರಲ್ಲೇ ಒಮ್ಮತವಿಲ್ಲ, ಆ ತಕರಾರು ಇಲ್ಲಿ ಬೇಡ.)

ಹಕ್ಕುದಾರರ ಒಪ್ಪಿಗೆ ಪಡೆದ ಕಥಾಚಿತ್ರ, ಸಾಕ್ಷ್ಯಚಿತ್ರ ಮತ್ತು ಕಿರುಚಿತ್ರಗಳನ್ನು ಸಿನೆಪಬ್ ತನ್ನ ಜಾಲತಾಣದಲ್ಲೂ ಯೂಟ್ಯೂಬ್ ಚಾನೆಲ್ಲಿನಲ್ಲೂ ಉಚಿತವಾಗಿ ತೋರಿಸುತ್ತದೆ. ನಡುವೆ ಬರುವ ಜಾಹೀರಾತುಗಳನ್ನು ಸಹಿಸಿಕೊಂಡರಾಯಿತು. ಇದರ ನಿಜವಾದ ಬಲವಿರುವುದು ಕಿರುಚಿತ್ರಗಳಲ್ಲಿ. 2007ರಲ್ಲಿ ಕ್ರಿಸ್ಟಿಯನ್ ಮುಂಜಿಯು ಅವರಿಗೆ ಕಾನ್ ಉತ್ಸವದ ಅತ್ಯುನ್ನತ ಪ್ರಶಸ್ತಿಯಾದ ಪಾಮ್ ದೋರ್ ದೊರೆತ ಮೇಲೆ ಲೋಕದ ಗಮನ ಸೆಳೆದ ರೊಮೇನಿಯನ್ ಹೊಸ ಅಲೆಯ ಲಕ್ಷಣಗಳಾದ ಕತ್ತರಿಸದ ದೀರ್ಘ ದೃಶ್ಯ, ಇಕ್ಕಟ್ಟಾದ ಮನೆ, ನಗುವೋ ಸಂಕಟವೋ ತಿಳಿಯದ ಮಾತುಕತೆಗಳ ರುಚಿ ಹತ್ತಿಸಿಕೊಳ್ಳಲು ಕಿರುಚಿತ್ರಗಳಿಗಿಂತ ಸುಲಭವಾದ ದಾರಿಯಿಲ್ಲ.

ಅಡಿಬರಹದ ವಿಷಯದಲ್ಲಿ ಮಾತ್ರ ಎಚ್ಚರ ಬೇಕು. ಇಂಗ್ಲಿಷ್ ಅಡಿಬರಹ ಅನೇಕ ಚಿತ್ರಗಳಿಗಿದೆ, ಎಲ್ಲಕ್ಕೂ ಅಲ್ಲ. ಯೂಟ್ಯೂಬಿನ ಸೆಟ್ಟಿಂಗ್ಸ್‌ನಲ್ಲಿ 'ಇಂಗ್ಲಿಷ್' ಎಂದಷ್ಟೇ ಕಂಡರೆ ಅದು ಚಿತ್ರದ ಜೊತೆಗೇ ಸೇರಿಸಿದ್ದು. 'ಆಟೋ ಜನರೇಟೆಡ್' ಎಂದಿದ್ದರೆ ಯಂತ್ರ ಕೇಳಿಸಿಕೊಂಡು ಬರೆದದ್ದು. ಒಬ್ಬರ ಮಾತಿನ ಮೇಲೊಬ್ಬರು ಮಾತಾಡುವ ಊಟದ ಮೇಜಿನಂಥ ದೃಶ್ಯಗಳಲ್ಲಿ ಎರಡನೆಯದನ್ನು ನಂಬಿ ಕುಳಿತರೆ ಕಥೆ ಕೈಗೆ ಸಿಗುವುದಿಲ್ಲ.

ಕ್ರೊಯೇಷಿಯಾದ ಕಿರುಚಿತ್ರಗಳಿಗೆ 'ಕ್ರೊಯೇಷಿಯನ್ ಡಾಟ್ ಫಿಲ್ಮ್' ಎಂಬ ಇಂಥದ್ದೇ ತಾಣವಿದೆ. ಅಮೆರಿಕದ್ದಲ್ಲದ ಅನಿಮೇಷನ್ ಕಿರುಚಿತ್ರಕ್ಕೆ ಮೊತ್ತಮೊದಲ ಆಸ್ಕರ್ ತಂದುಕೊಟ್ಟದ್ದು ಕ್ರೊಯೇಷಿಯಾದ ರಾಜಧಾನಿ ಜಾಗ್ರೆಬ್‌ನಲ್ಲಿ 1961ರಲ್ಲಿ ತಯಾರಾದ ದುಶಾನ್ ವುಕೊಟಿಚ್ ಅವರ ಚಿತ್ರವಾದ್ದರಿಂದ, ಆ ಪರಂಪರೆಯ ಕುತೂಹಲವುಳ್ಳವರು ಅತ್ತಲೂ ಕಣ್ಣುಹಾಯಿಸಬಹುದು.

ಕಷ್ಟವಿರುವುದು ಕ್ರೊಯೇಷಿಯಾ, ಸರ್ಬಿಯಾ ಮುಂತಾದವು ಒಂದೇ ದೇಶವಾಗಿದ್ದ ಕಾಲದ ಹಳೆಯ ಯುಗೊಸ್ಲಾವ್ ಚಿತ್ರಗಳಲ್ಲಿ. ಅವನ್ನು ತಯಾರಿಸಿದ ಬೆಲ್‌ಗ್ರೇಡಿನ ಅವಾಲಾ ಫಿಲ್ಮ್, ಜಾಗ್ರೆಬ್‌ನ ಯಾದ್ರಾನ್ ಫಿಲ್ಮ್‌ನಂಥ ಸಂಸ್ಥೆಗಳು ದೇಶ ಒಡೆದ ಮೇಲೆ ಬೇರೆಬೇರೆ ರಾಷ್ಟ್ರಗಳ ಪಾಲಾದವು. ಮೇಲಾಗಿ, ಪ್ರಸಾರದ ಹಕ್ಕು ಮಾರಾಟವಾಗುವುದು ಒಂದೊಂದು ದೇಶಕ್ಕೆ ಬೇರೆಬೇರೆಯಾಗಿ. ಯೂಟ್ಯೂಬಿನಲ್ಲಿ ಯಾರೋ ಏರಿಸಿದ ಪ್ರತಿಗಳು ಕಣ್ಣಿಗೆ ಬೀಳುತ್ತವಾದರೂ, ಚಾನೆಲ್ ನಿರ್ಮಾಣ ಸಂಸ್ಥೆಯದೋ ಚಿತ್ರಾಗಾರದ್ದೋ ಎಂದು ಖಚಿತವಾಗದಿದ್ದರೆ ಅವನ್ನು ಅಧಿಕೃತವೆಂದು ಎಣಿಸುವಂತಿಲ್ಲ. ಇಂಥ ಚಿತ್ರಕ್ಕಾಗಿ ಯಾವುದೇ ಸೇವೆಗೆ ಚಂದಾ ಕಟ್ಟುವ ಮೊದಲು ಯಾವ ಚಿತ್ರ ಯಾವ ಸೇವೆಯಲ್ಲಿದೆ ಎಂದು ತಿಳಿಸುವ ಜಸ್ಟ್‌ವಾಚ್ ತಾಣದಲ್ಲಿ ದೇಶವನ್ನು 'ಭಾರತ' ಎಂದು ಆರಿಸಿ, ಚಿತ್ರದ ಹೆಸರಿನಿಂದ ಸಿಗದಿದ್ದರೆ ನಿರ್ದೇಶಕರ ಹೆಸರಿನಿಂದಲೂ ಹುಡುಕಿ ನೋಡುವುದು ಮೇಲು.