ದಪ್ಪ ಕೂದಲಿಗೆ ಗಾಂಧಿ ಬಜಾರಿನ ಕ್ಲಿಪ್ಪುಗಳು: ಯಾವ್ದು ತಡೆಯತ್ತೆ, ಯಾವ್ದು ತಡೆಯಲ್ಲ

ಶಿವಮೊಗ್ಗದಲ್ಲಿ ಕೂದಲಿಗೆ ಹಾಕೋ ಸಾಮಾನು ಬೇಕಂದ್ರೆ ಗಾಂಧಿ ಬಜಾರು, ಅದು ಬಿಟ್ರೆ ದುರ್ಗಿಗುಡಿ. ಆನ್‌ಲೈನಲ್ಲೂ ಸಿಗತ್ತೆ ನಿಜ, ಆದ್ರೆ ನಮ್ಮಂಥ ದಪ್ಪ ಕೂದಲಿನವ್ರು ಕ್ಲಿಪ್ಪನ್ನ ಕೈಯಲ್ಲಿ ಹಿಡಿದು ಒತ್ತಿ ನೋಡ್ದೆ ತಗೊಂಡ್ರೆ ದುಡ್ಡು ಹೊಳೆಗೆ ಹಾಕಿದಂಗೇ, ಯಾಕಂದ್ರೆ ಫೋಟೋದಲ್ಲಿರೋ ಮಾಡೆಲ್‌ಗೆ ಕೂದ್ಲು ಇರೋದೇ ಒಂದು ಹಿಡಿ. ಬಜಾರಿನ ಒಂದು ಫ್ಯಾನ್ಸಿ ಸ್ಟೋರಿಂದ ತಂದು ಮಳೆಗಾಲ ಪೂರ್ತಿ ಬಳಸಿದ ಸಾಮಾನಿನ ರಿವ್ಯೂ ಇದು.

ಮೊದ್ಲು ಕ್ಲಚ್ಚರ್. ದೊಡ್ಡ ಸೈಜ್ ತಗೊಂಡ್ರೆ ಸಾಕು ಅಂತಾರೆ ಎಲ್ರೂ. ಸೈಜಲ್ಲ ಮಾರಾಯ್ರೆ, ಹಲ್ಲು ಎಷ್ಟು ಉದ್ದ ಇದೆ, ಒಳಗಡೆಗೆ ಎಷ್ಟು ಬಾಗಿದೆ, ಮಧ್ಯದ ಸ್ಪ್ರಿಂಗು ಎಷ್ಟು ಬಿಗಿ ಇದೆ ಅನ್ನೋದು ನೋಡ್ಬೇಕು. ಹೊಳೆಯೋ ಪ್ಲಾಸ್ಟಿಕ್‌ದು ಒಂದು ತಂದಿದ್ದೆ, ಸಾಗರದ ಬಸ್ಸಲ್ಲಿ ಟಪ್ ಅಂತ ಸ್ಪ್ರಿಂಗ್ ಹಾರಿ ಮುಂದಿನ ಸೀಟಿನವ್ರ ಮಡಿಲಿಗೆ ಬಿತ್ತು, ಅವ್ರು ನಕ್ಕು ವಾಪಸ್ ಕೊಟ್ರು, ಅಷ್ಟೊತ್ತಿಗೆ ನನ್ನ ಕೂದ್ಲೆಲ್ಲ ಬೆನ್ನ ಮೇಲೆ. ಅದೇ ಅಂಗಡಿಯ ಅಸಿಟೇಟ್ ಕ್ಲಚ್ಚರ್ ಇನ್ನೂ ಗಟ್ಟಿಯಾಗಿದೆ. ಕನ್ನಡಕದ ಫ್ರೇಮಿಗೆ ಬಳಸ್ತಾರಲ್ಲ, ಅದೇ ಸಾಮಾನು, ಸ್ವಲ್ಪ ಬಗ್ಗತ್ತೆ, ಹಂಗಾಗಿ ಹಲ್ಲು ಬೇಗ ಮುರಿಯಲ್ಲ. ರೇಟು ಮೂರು ಪಟ್ಟು, ಆದ್ರೂ ಪರವಾಗಿಲ್ಲ.

ಎಷ್ಟೇ ಒಳ್ಳೆ ಕ್ಲಿಪ್ಪಾದ್ರೂ ಇಡೀ ಕೂದಲನ್ನ ಒಂದಕ್ಕೇ ಹೊರಿಸ್ಬೇಡಿ. ಕಿವಿಯಿಂದ ಮೇಲಿನ ಕೂದ್ಲನ್ನ ಬೇರೆ ಮಾಡಿ ತಿರುಚಿ ಚಿಕ್ಕ ಕ್ಲಿಪ್ ಹಾಕಿ, ಕೆಳಗಿಂದನ್ನ ಮೇಲಕ್ಕೆ ಸುತ್ತಿ ಅದರ ಮೇಲೆ ದೊಡ್ಡದು. ಭಾರ ಹಂಚಿ ಹೋಗತ್ತೆ, ಸಂಜೆವರೆಗೂ ಜಾರಲ್ಲ, ತಲೆನೂ ನೋಯಲ್ಲ.

ನನ್ನ ಪ್ರಕಾರ ಇದ್ರಲ್ಲೆಲ್ಲ ಬೆಸ್ಟು ಯಾವ್ದು ಗೊತ್ತಾ, ಅಜ್ಜಿಯಂದ್ರ ಯು ಪಿನ್ನು. ಗಾಜಿನ ಶೋಕೇಸಲ್ಲಿ ಇಡೋದೇ ಇಲ್ಲ ಅದನ್ನ, ಕೇಳಿದ್ರೆ ಡ್ರಾಯರಿಂದ ತೆಗೆದುಕೊಡ್ತಾರೆ, ಒಂದು ಪ್ಯಾಕೆಟ್ಟು ಒಂದು ಕಾಫಿ ರೇಟಿಗೆ ಬರತ್ತೆ. ಮೊದ್ಲು ಸಡಿಲವಾಗಿ ಜಡೆ ಹೆಣೆದು ಆಮೇಲೆ ತುರುಬು ಸುತ್ತಿ, ಬರೀ ಕೂದ್ಲು ಸುತ್ತಿದ್ರೆ ನಮ್ಮಂಥವ್ರಿಗೆ ತಲೆ ಮೇಲೆ ಇನ್ನೊಂದು ತಲೆ ಬಂದಂಗೆ ಕಾಣತ್ತೆ. ಪಿನ್ನಿನ ತುದೀಲಿ ತುರುಬಿನ ಅಂಚಿನ ಸ್ವಲ್ಪ ಕೂದ್ಲು ಹಿಡಿದು, ಪಿನ್ನನ್ನ ತಿರುಗಿಸಿ ತಲೆಗೆ ಒರಗಿದಂಗೆ ತುರುಬಿನ ಮಧ್ಯಕ್ಕೆ ತಳ್ಳಬೇಕು. ನೇರ ಚುಚ್ಚಿದ್ರೆ ನಿಲ್ಲಲ್ಲ, ಚುಚ್ಚಿ ನೋವೂ ಆಗತ್ತೆ. ತುರುಬು ಕುತ್ತಿಗೆ ಹತ್ರ ಕೆಳಗಿದ್ರೆ ಹೆಲ್ಮೆಟ್ಟೂ ಕೂರತ್ತೆ, ಡೇರೆ ಹೂ ಸಿಕ್ಕಿಸೋಕೂ ಅದೇ ಪಿನ್ನು.

ಸ್ಯಾಟಿನ್ ಸ್ಕ್ರಂಚಿ, ಅಂದ್ರೆ ನುಣುಪು ಬಟ್ಟೆ ಸುತ್ತಿದ ಬ್ಯಾಂಡು, ನೋಡೋಕೆ ಚಂದ, ನನಗೆ ಜಾರತ್ತೆ, ರಾತ್ರಿ ಮಲಗುವಾಗ ಸಡಿಲ ಜಡೆಗೆ ಮಾತ್ರ ಸರಿ. ಟೆಲಿಫೋನ್ ವಯರ್ ಥರದ ಬ್ಯಾಂಡು ಹಿಗ್ಗಿ ಹೋದ್ರೆ ಬಿಸಿನೀರಿಗೆ ಹಾಕಿ, ಸುಮಾರಾಗಿ ಮೊದಲಿನ ಹಾಗೆ ಆಗತ್ತೆ. ಲೋಹದ ಜಾಯಿಂಟ್ ಇರೋ ರಬ್ಬರ್ ಬ್ಯಾಂಡ್ ಮುಟ್ಲೇಬೇಡಿ, ಕೂದ್ಲು ಸಿಕ್ಕಾಗಿ ಕಿತ್ತು ಬರತ್ತೆ.

ಇನ್ನೊಂದು, ಇಲ್ಲಿ ಆಷಾಢದಲ್ಲಿ ತಲೆಸ್ನಾನ ಮಾಡಿದ್ರೆ ದಪ್ಪ ಕೂದ್ಲು ಸಂಜೆಯಾದ್ರೂ ಒಣಗಲ್ಲ, ಒದ್ದೆ ಇದ್ದಾಗ್ಲೇ ಬಿಗಿಯಾಗಿ ತುರುಬು ಕಟ್ಟಿದ್ರೆ ಮುಗ್ಗಲು ವಾಸನೆ ಗ್ಯಾರಂಟಿ, ಒದ್ದೆ ಕೂದ್ಲು ಎಳೆದ್ರೆ ಬೇಗ ತುಂಡಾಗತ್ತೆ ಬೇರೆ. ಬಚ್ಚಲ ಒಲೆ ಇರೋ ಮನೆಯವ್ರು ಪುಣ್ಯವಂತ್ರು, ಉಳಿದವ್ರು ಫ್ಯಾನ್ ಕೆಳಗೆ ಕೂತು ಒಣಗಿಸಿ.

ಅಂಗಡಿಗೆ ಐದಕ್ಕೆ ನಾಲ್ಕು ಕೊಡ್ತೀನಿ. ಒಂದು ಕಟ್ ಮಾಡಿದ್ದು ಯಾಕಂದ್ರೆ ಒಮ್ಮೆ ತಗೊಂಡಿದ್ದನ್ನ ವಾಪಸ್ ತಗೊಳ್ಳಲ್ಲ. ಆದ್ರೆ ಕೌಂಟರಲ್ಲಿರೋ ಅಕ್ಕ ಕನ್ನಡಿ ಮುಂದೆ ಕ್ಲಚ್ಚರ್ ಹಾಕಿ ನೋಡೋಕೆ ಬಿಡ್ತಾರೆ, ಬೇಜಾರು ಮಾಡ್ಕೊಳ್ಳಲ್ಲ. ಹಬ್ಬದ ಹಿಂದಿನ ದಿನ ಮಾತ್ರ ಹೋಗ್ಬೇಡಿ, ಒಳಗೆ ಕಾಲಿಡೋಕೂ ಜಾಗ ಇರಲ್ಲ.