ಮೇಜಿನ ಎರಡೂ ಬದಿಯಲ್ಲಿ ಕುಳಿತ ನಟ

ಫ್ರೆಂಚ್ ನಟ ವಿನ್ಸೆಂಟ್ ಲಿಂಡನ್ ನಿರ್ದೇಶಕ ಸ್ತೆಫಾನ್ ಬ್ರಿಝೆ ಅವರೊಂದಿಗೆ ದುಡಿಮೆಯ ಲೋಕವನ್ನು ಕುರಿತು ಮಾಡಿದ ಮೂರು ಚಿತ್ರಗಳನ್ನು ಬಿಡುಗಡೆಯಾದ ಕ್ರಮದಲ್ಲೇ ನೋಡಿ ಮುಗಿಸಿದೆ. ಮೊದಲನೆಯದರಲ್ಲಿ ಅವರು ನಿರುದ್ಯೋಗಿ, ಎರಡನೆಯದರಲ್ಲಿ ಕಾರ್ಮಿಕ ಮುಖಂಡ, ಮೂರನೆಯದರಲ್ಲಿ ಕಾರ್ಮಿಕರನ್ನು ಮನೆಗೆ ಕಳುಹಿಸಬೇಕಾದ ಮ್ಯಾನೇಜರ್.

2015ರ ‘ಲಾ ಲ್ವಾ ದು ಮಾರ್ಶೆ’ (ಮಾರುಕಟ್ಟೆಯ ನಿಯಮ) ಲಿಂಡನ್ ಅವರಿಗೆ ಕಾನ್ ಚಿತ್ರೋತ್ಸವದ ಅತ್ಯುತ್ತಮ ನಟ ಪ್ರಶಸ್ತಿ ತಂದಿತು. ಮೂರರಲ್ಲಿ ನನಗೆ ಹೆಚ್ಚು ಹಿಡಿಸಿದ್ದೂ ಅದೇ. ಐವತ್ತು ದಾಟಿದ ತಿಯೆರಿಯ ಅಣಕು ಸಂದರ್ಶನದ ವಿಡಿಯೋವನ್ನು, ಅವನಂತೆಯೇ ಕೆಲಸ ಹುಡುಕುತ್ತಿರುವವರಿಗೆ ತೋರಿಸಿ ಅಭಿಪ್ರಾಯ ಕೇಳುವ ದೃಶ್ಯವೊಂದು ಅದರಲ್ಲಿದೆ. ಅಂಗಿಯ ಗುಂಡಿ ಬಿಚ್ಚಿದೆ, ಕುಳಿತ ರೀತಿಯಲ್ಲಿ ಬಿಗಿಯಿಲ್ಲ, ಮುಖದಲ್ಲಿ ನಗುವಿಲ್ಲ ಎಂದು ಒಬ್ಬೊಬ್ಬರೂ ಹೇಳುತ್ತಾ ಹೋಗುವಾಗ ಲಿಂಡನ್ ಸುಮ್ಮನೆ ಕೇಳಿಸಿಕೊಳ್ಳುತ್ತಾರೆ, ಅಷ್ಟೇ. ಮುಂದೆ ಅದೇ ತಿಯೆರಿ ಸೂಪರ್ ಮಾರ್ಕೆಟ್ಟಿನ ಕಾವಲುಗಾರನಾಗಿ ಕ್ಯಾಮೆರಾ ಪರದೆಯಲ್ಲಿ ಕ್ಯಾಷಿಯರ್‌ಗಳ ಮೇಲೆ ಕಣ್ಣಿಡಬೇಕಾಗುತ್ತದೆ. ಸುತ್ತಲಿರುವವರು ಬಹುತೇಕ ವೃತ್ತಿನಟರಲ್ಲ. ಅವರ ನಡುವೆ ತಾರೆಯೊಬ್ಬ ನಿಂತಿದ್ದಾನೆ ಎಂಬುದು ನೆನಪಿಗೇ ಬರುವುದಿಲ್ಲ.

2018ರ ‘ಆನ್ ಗೆರ್’ (ಯುದ್ಧದಲ್ಲಿ) ಅಷ್ಟು ಸಲೀಸಾಗಿ ನೋಡಿಸಿಕೊಳ್ಳುವುದಿಲ್ಲ. ಐದು ವರ್ಷ ಕೆಲಸ ಉಳಿಸುತ್ತೇವೆಂಬ ಮಾತನ್ನು ನಂಬಿ ಬೋನಸ್ ಬಿಟ್ಟುಕೊಟ್ಟ 1,100 ಮಂದಿಯ ಕಾರ್ಖಾನೆಗೆ ಎರಡೇ ವರ್ಷದಲ್ಲಿ ಬೀಗ ಬೀಳಲಿದೆ. ಸಭೆಯ ಮೇಲೆ ಸಭೆ, ಒಬ್ಬರ ಮಾತಿನ ಮೇಲೆ ಇನ್ನೊಬ್ಬರ ಕೂಗು. ಉಪಶೀರ್ಷಿಕೆ ಓದಿ ಸುಸ್ತಾಗಿ ನಾನು ಎರಡು ಸಲ ಚಿತ್ರವನ್ನು ನಿಲ್ಲಿಸಿದೆ. ಮಾಲೀಕರೊಂದಿಗಿನ ಜಗಳಕ್ಕಿಂತ ಸಂಘಟನೆಯೊಳಗೇ ಬಿರುಕು ಮೂಡುವ ಭಾಗ ಚುರುಕಾಗಿದೆ.

2021ರ ‘ಅನ್ ಓತ್ರ್ ಮೋಂದ್’ (ಇನ್ನೊಂದು ಜಗತ್ತು) ಚಿತ್ರದ ಫಿಲಿಪ್, ಅಮೆರಿಕದ ಕಂಪನಿಯೊಂದರ ಫ್ರಾನ್ಸ್ ಘಟಕದಿಂದ 58 ಮಂದಿಯನ್ನು ತೆಗೆಯಬೇಕು. ಮನೆಯಲ್ಲಿ ಹೆಂಡತಿ ವಿಚ್ಛೇದನಕ್ಕೆ ಮುಂದಾಗಿದ್ದಾಳೆ. ಮನೆಯ ಕಥೆ ನನಗೆ ತುಸು ಹೆಚ್ಚಾಯಿತೆನಿಸಿತು. ಆದರೆ ಮ್ಯಾನೇಜರುಗಳು ತಮ್ಮ ಬೋನಸ್ಸನ್ನೇ ಬಿಟ್ಟು ಆ ಕೆಲಸಗಳನ್ನು ಉಳಿಸುವ ಲೆಕ್ಕವನ್ನು ಮುಂದಿಟ್ಟಾಗ ಮುಖ್ಯಸ್ಥ ಅದನ್ನು ತಳ್ಳಿಹಾಕುವ ದೃಶ್ಯಕ್ಕಾಗಿ ಚಿತ್ರವನ್ನು ಇನ್ನೊಮ್ಮೆ ನೋಡಬಹುದು: ಸೂಟು ತೊಟ್ಟಿದ್ದರೂ ಲಿಂಡನ್ ಇಲ್ಲಿ ಕುಳಿತಿರುವುದು ತಿಯೆರಿ ಕುಳಿತಿದ್ದ ರೀತಿಯಲ್ಲೇ. ಒಂದನ್ನಷ್ಟೇ ನೋಡಲು ಬಿಡುವಿರುವವರು ಮೊದಲನೆಯದನ್ನು ನೋಡಲಿ. ಎರಡನೆಯದಕ್ಕೆ ಕುಳಿತುಕೊಳ್ಳುವವರು ಪೂರ್ತಿ ಒಂದು ಸಂಜೆಯನ್ನು ತೆಗೆದಿಟ್ಟುಕೊಳ್ಳಬೇಕು.